ಸೋಲುವ ವಿದ್ವಾಂಸ: ಪೋಷಕ ನಟನಾಗಿ ಗಿರೀಶ ಕಾರ್ನಾಡ
(ಶೃಂಗೇರಿ-ಕೊಪ್ಪ ಸೀಮೆಯ ಎರಡು ಪಾತ್ರಗಳನ್ನು ಆಧರಿಸಿ)

೧

ಕನ್ನಡದ ಹೊಸ ಅಲೆಯ ಚಲನಚಿತ್ರಗಳನ್ನು ಕುರಿತ ಬರವಣಿಗೆ ಬಹುಮಟ್ಟಿಗೆ ನಿರ್ದೇಶಕರ ಹಾಗೂ ಮೂಲ ಕೃತಿಕಾರರ ಸುತ್ತಲೇ ಬೆಳೆದುಬಂದಿದೆ. ಕಾದಂಬರಿಯೊಂದು ಚಿತ್ರವಾದಾಗ ಏನನ್ನು ಉಳಿಸಿಕೊಂಡಿತು, ಏನನ್ನು ಕೈಬಿಟ್ಟಿತು ಎಂಬ ಪ್ರಶ್ನೆ ನಮ್ಮ ಕನ್ನಡ ಅಧ್ಯಯನ ವಿಭಾಗಗಳಿಗೆ ಬಹಳ ಪ್ರಿಯವಾದದ್ದು. ಸಾಹಿತ್ಯದ ವಿದ್ಯಾರ್ಥಿಗಳಿಗೆ ಅದು ಪರಿಚಿತವಾದ ದಾರಿಯೂ ಹೌದು. ಆದರೆ ತೆರೆಯ ಮೇಲೆ ನಮಗೆ ಮೊದಲು ಕಾಣುವುದು ಕಾದಂಬರಿಯೂ ಅಲ್ಲ, ನಿರ್ದೇಶಕನೂ ಅಲ್ಲ. ಒಬ್ಬ ನಟನ ಶರೀರ, ಅವನ ನಡಿಗೆ, ಅವನ ಧ್ವನಿ. ಈ ಸರಳ ಸಂಗತಿಯನ್ನು ನಮ್ಮ ವಿಮರ್ಶೆ ಗಂಭೀರವಾಗಿ ತೆಗೆದುಕೊಂಡಿರುವುದು ವಿರಳ. ನಟನನ್ನು ಕುರಿತ ಮಾತು ಒಂದೋ ಅಭಿಮಾನಿಯ ಸ್ತುತಿಯಾಗುತ್ತದೆ, ಇಲ್ಲವೇ ಲೇಖನದ ಕೊನೆಯ ಪ್ಯಾರಾದಲ್ಲಿ ‘ಅಭಿನಯವೂ ಉತ್ತಮವಾಗಿದೆ’ ಎಂಬ ಒಂದು ಸಾಲಾಗಿ ಮುಗಿಯುತ್ತದೆ.

ಗಿರೀಶ ಕಾರ್ನಾಡರ (೧೯೩೮-೨೦೧೯) ವಿಷಯದಲ್ಲಂತೂ ಈ ಅವಗಣನೆಗೆ ಮತ್ತೊಂದು ಕಾರಣವಿದೆ. ‘ಯಯಾತಿ’, ‘ತುಘಲಕ್’, ‘ಹಯವದನ’ಗಳ ಕರ್ತೃವಾಗಿ, ೧೯೯೮ರ ಜ್ಞಾನಪೀಠ ಪುರಸ್ಕೃತರಾಗಿ ಅವರ ಸ್ಥಾನ ಎಷ್ಟು ದೊಡ್ಡದೆಂದರೆ, ಅವರು ಸುಮಾರು ಅರ್ಧ ಶತಮಾನದ ಕಾಲ ಹಲವು ಭಾಷೆಗಳ ಚಿತ್ರಗಳಲ್ಲಿ ನಟಿಸಿದರೆಂಬುದು ಜೀವನಚರಿತ್ರೆಯ ಒಂದು ಅಡಿಟಿಪ್ಪಣಿಯಾಗಿಬಿಟ್ಟಿದೆ. ಸ್ವತಃ ಕಾರ್ನಾಡರೂ ಇದಕ್ಕೆ ಇಂಬು ಕೊಟ್ಟವರು. ಸಿನಿಮಾ ತಮಗೆ ಜೀವನೋಪಾಯ, ನಾಟಕ ತಮ್ಮ ನಿಜವಾದ ಒಲವು ಎಂಬ ಅರ್ಥದ ಮಾತುಗಳನ್ನು ಅವರು ಅನೇಕ ಸಂದರ್ಶನಗಳಲ್ಲಿ ಆಡಿದ್ದಾರೆ. ಲೇಖಕನ ಈ ಸ್ವಮೌಲ್ಯಮಾಪನವನ್ನು ವಿದ್ವತ್ ವಲಯ ಪ್ರಶ್ನಿಸದೆ ಒಪ್ಪಿಕೊಂಡಿತು. ಕೃತಿಕಾರ ತನ್ನ ಕೃತಿಯ ಬಗ್ಗೆ ಹೇಳಿದ ಮಾತನ್ನು ಕೊನೆಯ ಮಾತೆಂದು ನಾವು ಬೇರೆಲ್ಲೂ ಒಪ್ಪುವುದಿಲ್ಲ. ಇಲ್ಲಿ ಮಾತ್ರ ಯಾಕೆ ಒಪ್ಪಬೇಕು ಎಂಬುದು ಪ್ರಸ್ತುತ ಲೇಖನದ ಹಿಂದಿರುವ ಪ್ರಶ್ನೆ.

‘ಪೋಷಕ ನಟ’ ಎಂಬ ಪದದ ಬಗೆಗೆ ಒಂದು ಮಾತು. ಕಂಪನಿ ನಾಟಕಗಳ ರಾಜಾಪಾರ್ಟು, ಸ್ತ್ರೀಪಾರ್ಟು, ಹಾಸ್ಯದ ಪಾರ್ಟು ಎಂಬ ವಿಂಗಡಣೆಯೇ ಮುಂದೆ ಜನಪ್ರಿಯ ಸಿನಿಮಾದಲ್ಲಿ ನಾಯಕನಟ ಮತ್ತು ಪೋಷಕ ನಟ ಎಂಬ ಶ್ರೇಣಿಯಾಗಿ ಮುಂದುವರಿಯಿತು. ನಾಯಕನಟ ಎಲ್ಲ ಚಿತ್ರಗಳಲ್ಲಿಯೂ ತಾನೇ ಆಗಿರುತ್ತಾನೆ, ಪೋಷಕ ನಟ ಪ್ರತಿ ಚಿತ್ರದಲ್ಲಿಯೂ ಬೇರೊಬ್ಬನಾಗಬೇಕು. ಹೊಸ ಅಲೆಯ ಚಿತ್ರಗಳು ಈ ಶ್ರೇಣಿಯನ್ನು ಮುರಿದವು. ಅಲ್ಲಿ ಕಥೆಯ ಕೇಂದ್ರದಲ್ಲಿರುವವನೂ ಒಂದು ‘ಪಾತ್ರ’ವೇ ಹೊರತು ನಾಯಕನಲ್ಲ. ಆದ್ದರಿಂದ ಪ್ರಾಣೇಶಾಚಾರ್ಯನಂತಹ ಕೇಂದ್ರಪಾತ್ರವನ್ನೂ ಪೋಷಕ ನಟನ ಕೆಲಸವೆಂದೇ ಇಲ್ಲಿ ಪರಿಗಣಿಸಿದ್ದೇನೆ. ಕಾರ್ನಾಡರ ಮಟ್ಟಿಗೆ ‘ಪೋಷಕ’ ಎಂಬ ಮಾತಿಗೆ ಇನ್ನೊಂದು ಅರ್ಥವೂ ಸಲ್ಲುತ್ತದೆ. ಈ ನಟನೆ ಒಬ್ಬ ನಾಟಕಕಾರನನ್ನು ಅಕ್ಷರಶಃ ಪೋಷಿಸಿತು.

೨

ಕೊಪ್ಪ, ಶೃಂಗೇರಿ, ನರಸಿಂಹರಾಜಪುರ ತಾಲ್ಲೂಕುಗಳು ಚಿಕ್ಕಮಗಳೂರು ಜಿಲ್ಲೆಯ ಪಶ್ಚಿಮದ ಅಂಚಿನಲ್ಲಿ, ತುಂಗೆ ಮತ್ತು ಭದ್ರೆಯರ ನಡುವಿನ ಅಡಿಕೆ ತೋಟಗಳ ಸೀಮೆ. ಆಡಳಿತದ ಗಡಿ ಏನೇ ಇರಲಿ, ಸಾಂಸ್ಕೃತಿಕವಾಗಿ ಇವು ಪಕ್ಕದ ತೀರ್ಥಹಳ್ಳಿಯೊಂದಿಗೆ ಕೂಡಿಕೊಂಡಿರುವ ಪ್ರದೇಶ. ಕನ್ನಡ ಕಾದಂಬರಿಗೂ ಆ ಮೂಲಕ ಕನ್ನಡ ಸಿನಿಮಾಕ್ಕೂ ಈ ಪುಟ್ಟ ಸೀಮೆ ಕೊಟ್ಟಿರುವುದು ಅದರ ಗಾತ್ರಕ್ಕೆ ಮೀರಿದ್ದು. ಕುವೆಂಪು ಬೆಳೆದದ್ದು ಕುಪ್ಪಳಿಯಲ್ಲಾದರೂ ೧೯೦೪ರಲ್ಲಿ ಜನಿಸಿದ್ದು ತಾಯಿಯ ತವರಾದ ಕೊಪ್ಪ ತಾಲ್ಲೂಕಿನ ಹಿರೇಕೊಡಿಗೆಯಲ್ಲಿ. ಎಂ.ಕೆ. ಇಂದಿರಾ ಅವರು ಹುಟ್ಟಿದ್ದು ತೀರ್ಥಹಳ್ಳಿಯಲ್ಲಿ, ಅವರ ಊರು ಹಿಂದೆ ಎಡೆಹಳ್ಳಿಯೆಂದು ಕರೆಯಲಾಗುತ್ತಿದ್ದ ನರಸಿಂಹರಾಜಪುರ. ಯು.ಆರ್. ಅನಂತಮೂರ್ತಿಯವರ ಮೇಳಿಗೆ ತೀರ್ಥಹಳ್ಳಿ ತಾಲ್ಲೂಕಿಗೆ ಸೇರಿದ್ದು. ಅವರು ೧೯೬೫ರಲ್ಲಿ ಪ್ರಕಟಿಸಿದ ‘ಸಂಸ್ಕಾರ’ ಚಿತ್ರವಾಗಿ ರೂಪು ತಳೆದದ್ದು ಶೃಂಗೇರಿಗೆ ಸಮೀಪದ ವೈಕುಂಠಪುರದಲ್ಲಿ.

ಚಿತ್ರ ತೆರೆಗೆ ಬಂದದ್ದು ೧೯೭೦ರಲ್ಲಿ. ಅದನ್ನು ತಯಾರಿಸಿದವರ ಪಟ್ಟಿಯನ್ನು ಇಂದು ನೋಡಿದರೆ ಕುತೂಹಲವಾಗುತ್ತದೆ. ನಿರ್ದೇಶಕ ಪಟ್ಟಾಭಿರಾಮ ರೆಡ್ಡಿ ತೆಲುಗಿನ ನವ್ಯ ಕವಿ. ಛಾಯಾಗ್ರಾಹಕ ಟಾಮ್ ಕೋವನ್ ಆಸ್ಟ್ರೇಲಿಯಾದವರು. ಕಲಾನಿರ್ದೇಶನ ಚೋಳಮಂಡಲದ ಕಲಾವಿದ ಎಸ್.ಜಿ. ವಾಸುದೇವ್ ಅವರದು, ಸಂಗೀತ ಸರೋದ್ ವಾದಕ ರಾಜೀವ ತಾರಾನಾಥರದು. ಚಂದ್ರಿಯಾಗಿ ನಟಿಸಿದ ಸ್ನೇಹಲತಾ ರೆಡ್ಡಿ ಮದರಾಸಿನ ಇಂಗ್ಲಿಷ್ ರಂಗಭೂಮಿಯಲ್ಲಿ, ‘ಮದ್ರಾಸ್ ಪ್ಲೇಯರ್ಸ್’ ತಂಡದ ಸ್ಥಾಪಕರಲ್ಲಿ ಒಬ್ಬರಾಗಿ ಹೆಸರಾದವರು. ಕಾರ್ನಾಡರೂ ಆಕ್ಸ್‌ಫರ್ಡಿನಿಂದ ಮರಳಿ, ೧೯೬೩ರಿಂದ ಮದರಾಸಿನಲ್ಲಿ ಪ್ರಕಾಶನ ಸಂಸ್ಥೆಯೊಂದರ ಉದ್ಯೋಗದಲ್ಲಿದ್ದುಕೊಂಡು ಅದೇ ತಂಡದಲ್ಲಿ ನಟಿಸುತ್ತಿದ್ದರು. ಅವರ ಮನೆಮಾತು ಕೊಂಕಣಿ. ಕನ್ನಡದ ಹೊಸ ಅಲೆಯ ಮೊದಲ ಚಿತ್ರವೆಂದು ನಾವು ಗುರುತಿಸುವ ಕೃತಿ, ಮಾಧ್ವ ಅಗ್ರಹಾರದ ಒಳಗನ್ನು ತೆರೆದು ತೋರಿಸಿದ ಕೃತಿ, ಹೀಗೆ ಬಹುಮಟ್ಟಿಗೆ ಹೊರಗಿನವರ ಕೂಟದಿಂದ ಮೂಡಿಬಂತು. ಇದನ್ನು ಆಕ್ಷೇಪಣೆಯಾಗಿ ಹೇಳುತ್ತಿಲ್ಲ. ಅಗ್ರಹಾರವನ್ನು ಒಳಗಿನಿಂದ ಬಲ್ಲವರು ಅದರ ಮೇಲೆ ಕ್ಯಾಮೆರಾ ಹಿಡಿಯುವುದು ೧೯೭೦ರಲ್ಲಿ ಎಷ್ಟು ಸಾಧ್ಯವಿತ್ತೆಂಬುದನ್ನೂ ಯೋಚಿಸಬೇಕು. ಸೆನ್ಸಾರ್ ಮಂಡಳಿ ಮೊದಲು ಚಿತ್ರಕ್ಕೆ ಅನುಮತಿ ನಿರಾಕರಿಸಿತೆಂಬುದು, ಕೇಂದ್ರ ಸರ್ಕಾರದ ಮಟ್ಟದಲ್ಲಿ ಅದು ತೆರವಾದ ಮೇಲೆ ಅದೇ ಚಿತ್ರ ಆ ವರ್ಷದ ಅತ್ಯುತ್ತಮ ಚಿತ್ರವೆಂಬ ರಾಷ್ಟ್ರಪ್ರಶಸ್ತಿ ಪಡೆಯಿತೆಂಬುದು ತಿಳಿದ ವಿಷಯ.

ಆದರೂ ಒಂದು ಸಂಗತಿ ಕಾಡುತ್ತದೆ. ವೈಕುಂಠಪುರದ ಬೀದಿ, ಜಗಲಿ, ತುಂಗೆಯ ದಡ, ಸುತ್ತಣ ಕಾಡು ಇವೆಲ್ಲವೂ ತೆರೆಯ ಮೇಲೆ ನಿಜವಾಗಿವೆ. ಅವುಗಳ ನಡುವೆ ಓಡಾಡುವ ಮುಖ್ಯ ಶರೀರಗಳು ನಗರಗಳಿಂದ ಬಂದಿವೆ. ಸ್ಥಳ ನಿಜ, ನಟ ಆಗಂತುಕ. ಇದು ಹೊಸ ಅಲೆಯ ಬಹುತೇಕ ಚಿತ್ರಗಳ ಸ್ಥಿತಿ. ‘ಸಂಸ್ಕಾರ’ ಈ ಅಂತರವನ್ನು ಮುಚ್ಚಿಡಲು ಹೋಗದೆ ಅದನ್ನೇ ತನ್ನ ಬಲವಾಗಿ ಮಾಡಿಕೊಂಡಿತೆಂದು ನನಗನಿಸುತ್ತದೆ, ಮುಖ್ಯವಾಗಿ ಪ್ರಾಣೇಶಾಚಾರ್ಯನ ಪಾತ್ರದಲ್ಲಿ.

೩

ಕಾದಂಬರಿಯ ಪ್ರಾಣೇಶಾಚಾರ್ಯ ಕಾಶಿಯಲ್ಲಿ ಓದಿ ಬಂದವನು, ವೇದಾಂತಶಿರೋಮಣಿ. ರೋಗಿಷ್ಠ ಹೆಂಡತಿಯ ಶುಶ್ರೂಷೆಯನ್ನು ತಪಸ್ಸೆಂದು ಭಾವಿಸಿದವನು. ನಾರಣಪ್ಪನ ಹೆಣ ಬಿದ್ದಿರುವಾಗ ಇಡೀ ಅಗ್ರಹಾರ ಅವನ ಬಾಯಿಯನ್ನು ನೋಡುತ್ತದೆ, ಅವನು ತಾಳೆಗರಿಗಳನ್ನು ನೋಡುತ್ತಾನೆ, ತಾಳೆಗರಿಗಳಲ್ಲಿ ಉತ್ತರವಿಲ್ಲ. ಮಾರುತಿಯ ಗುಡಿಯಲ್ಲಿಯೂ ಇಲ್ಲ. ಹಿಂತಿರುಗುವ ದಾರಿಯ ಕತ್ತಲಲ್ಲಿ ಚಂದ್ರಿಯೊಡನೆ ಅವನ ಸಮಾಗಮವಾಗುತ್ತದೆ. ಅಲ್ಲಿಂದ ಮುಂದೆ ಅವನು ಕಲಿತದ್ದು ಅವನಿಗೆ ಆಸರೆಯಾಗುವುದಿಲ್ಲ.

ಕಾದಂಬರಿ ಈ ಕುಸಿತವನ್ನು ಅಂತರಂಗದ ಸ್ವಗತವಾಗಿ, ಉದ್ದುದ್ದನೆಯ ವಾಕ್ಯಗಳಲ್ಲಿ ಹೇಳುತ್ತದೆ. ಸಿನಿಮಾಕ್ಕೆ ಆ ಸೌಲಭ್ಯವಿಲ್ಲ. ಚಿತ್ರಕಥೆಯನ್ನು ಬರೆದವರೂ ಕಾರ್ನಾಡರೇ ಆದುದರಿಂದ, ಸ್ವಗತವನ್ನು ಕತ್ತರಿಸಿದ ಕೈಯೂ ಅದರ ಜಾಗವನ್ನು ತುಂಬಬೇಕಾದ ಮುಖವೂ ಒಂದೇ ಆಗಿತ್ತು. ನಟರಾಗಿ ಅವರು ಕಂಡುಕೊಂಡ ಪರಿಹಾರವೆಂದರೆ ಮೊದಲ ಭಾಗದಲ್ಲಿ ಪಾತ್ರವನ್ನು ಬಿಗಿಯಾಗಿ ಹಿಡಿಯುವುದು. ಜುಟ್ಟು, ಬರಿಮೈ, ಮೇಲೆ ಹೊದ್ದ ಪಂಚೆ, ನೇರ ಬೆನ್ನು. ಆಚಾರ್ಯರು ಕುಳಿತರೂ ನಿಂತರೂ ಯಾರೋ ನೋಡುತ್ತಿದ್ದಾರೆಂಬ ಎಚ್ಚರದಲ್ಲಿರುತ್ತಾರೆ. ಈ ಬಿಗಿತವನ್ನು ಅನನುಭವಿಯ ಸೆಟೆತನವೆಂದು ಓದಲು ಅಡ್ಡಿಯಿಲ್ಲ, ಕಾರ್ನಾಡರಿಗೆ ಅದು ಮೊದಲ ಚಿತ್ರ. ನಾನೂ ಮೊದಲ ಸಲ ಹಾಗೆಯೇ ಓದಿದ್ದೆ. ಆದರೆ ಚಿತ್ರದ ಉತ್ತರಾರ್ಧವನ್ನು ಎದುರಿಗಿಟ್ಟುಕೊಂಡಾಗ ಆ ಓದು ನಿಲ್ಲುವುದಿಲ್ಲ. ಅಗ್ರಹಾರ ಬಿಟ್ಟು ಕಾಡುದಾರಿ ಹಿಡಿದ ಆಚಾರ್ಯನ ಮೈ ಸಡಿಲಾಗುತ್ತದೆ, ಯಾವ ಕಡೆ ನೋಡಬೇಕೆಂದು ತಿಳಿಯದ ಕಣ್ಣುಗಳಾಗುತ್ತವೆ. ಮಾಲೇರರ ಪುಟ್ಟ ಬೆನ್ನು ಹತ್ತಿ ಹರಟುತ್ತ ಬರುವಾಗ, ಮಾತನ್ನೇ ಬದುಕಾಗಿಸಿಕೊಂಡಿದ್ದ ವಿದ್ವಾಂಸ ಮಾತಿಲ್ಲದವನಾಗುತ್ತಾನೆ. ಮೊದಲಿನ ಬಿಗಿತ ಈ ಸಡಿಲಿಕೆಗಾಗಿ ಕಟ್ಟಿದ ಅಣೆಕಟ್ಟು.

ನಗರದ ನಟ ಮಲೆನಾಡಿನ ಅಗ್ರಹಾರದಲ್ಲಿ ಆಗಂತುಕ ಎಂದೆನಷ್ಟೆ. ಪ್ರಾಣೇಶಾಚಾರ್ಯನೂ ತನ್ನ ಅಗ್ರಹಾರದಲ್ಲಿ ಒಂದು ಬಗೆಯ ಆಗಂತುಕನೇ. ಗರುಡಾಚಾರ್ಯ, ಲಕ್ಷ್ಮಣಾಚಾರ್ಯ, ದಾಸಾಚಾರ್ಯರ ಹಸಿವು, ಒಡವೆಯ ಆಸೆ, ಹೊಟ್ಟೆಕಿಚ್ಚು ಇವು ಯಾವುವೂ ಅವನವಲ್ಲ. ಬಿ.ಆರ್. ಜಯರಾಮ್, ದಾಶರಥಿ ದೀಕ್ಷಿತರಂತಹ ನಟರು ಕೂಡಿ ನಿರ್ಮಿಸಿದ ಆ ಬ್ರಾಹ್ಮಣ ಸಮೂಹವೇ ಚಿತ್ರದ ನಿಜವಾದ ಪೋಷಕಶಕ್ತಿ. ಅವರು ಊರಿಗೆ ಸೇರಿದವರಂತೆ ಕಾಣುತ್ತಾರೆ, ಆಚಾರ್ಯ ಕಾಣುವುದಿಲ್ಲ. ಕಾರ್ನಾಡರ ಉಚ್ಚಾರದಲ್ಲಿಯ ಪುಸ್ತಕದ ಶುದ್ಧಿ ಇಲ್ಲಿ ದೋಷವಾಗುವ ಬದಲು ಪಾತ್ರದ ಲಕ್ಷಣವಾಯಿತು. ಎದುರಿಗೆ ನಾರಣಪ್ಪನಾಗಿ ಪಿ. ಲಂಕೇಶ್. ಸತ್ತು ಹೆಣವಾಗಿ, ನೆನಪುಗಳಲ್ಲಿ ಮಾತ್ರ ಎದ್ದು ಬರುವ ಪಾತ್ರ. ಕಾರ್ನಾಡರು ಅಡಗಿಸಿಟ್ಟುಕೊಂಡ ಎಲ್ಲ ಉಡಾಫೆಯೂ ಲಂಕೇಶರ ನಗುವಿನಲ್ಲಿ ಸಿಡಿಯುತ್ತದೆ. ಇಬ್ಬರು ನವ್ಯ ಲೇಖಕರು ಎದುರುಬದುರು ನಿಂತ ಈ ದೃಶ್ಯಗಳಿಗೆ ಅಭಿನಯದ ಪರಿಣತಿಗಿಂತ ಹೆಚ್ಚಿನ ಯಾವುದೋ ಕಾವಿದೆ.

ಚಂದ್ರಿಯ ವಿಷಯದಲ್ಲಿ ಇದೇ ಮಾತನ್ನು ಹೇಳಲಾರೆ. ಸ್ನೇಹಲತಾ ರೆಡ್ಡಿಯವರ ಘನತೆ ದೊಡ್ಡದು. ತುರ್ತುಪರಿಸ್ಥಿತಿಯಲ್ಲಿ ಬಂಧನಕ್ಕೊಳಗಾಗಿ, ಬಿಡುಗಡೆಯಾದ ಕೆಲವೇ ದಿನಗಳಲ್ಲಿ, ೧೯೭೭ರ ಜನವರಿಯಲ್ಲಿ ತೀರಿಕೊಂಡ ಅವರನ್ನು ಕುರಿತು ಬರೆಯುವಾಗ ಕೈ ತಡೆಯುತ್ತದೆ. ಆದರೂ ಕುಂದಾಪುರದ ಕಡೆಯ ಸೂಳೆಯೆಂದು ಕಾದಂಬರಿ ಪರಿಚಯಿಸುವ ಹೆಣ್ಣಿನ ಮಣ್ಣಿನ ಗುಣಕ್ಕೂ ಆ ನಾಗರಿಕ ಮುಖಕ್ಕೂ ನಡುವೆ ಹೊಂದಿಕೆ ಪೂರ್ಣವಾಗಿಲ್ಲ. ಆಗಂತುಕತನ ಆಚಾರ್ಯನಿಗೆ ಒದಗಿತು, ಚಂದ್ರಿಗೆ ಒದಗಲಿಲ್ಲ.

೪

ಪ್ರಾಣೇಶಾಚಾರ್ಯನ ಪಾತ್ರ ಕಾರ್ನಾಡರ ಮುಂದಿನ ನಟನಾಜೀವನಕ್ಕೆ ಅಚ್ಚು ಹಾಕಿಕೊಟ್ಟಿತು. ಬಿ.ವಿ. ಕಾರಂತರೊಡಗೂಡಿ ನಿರ್ದೇಶಿಸಿದ, ಭೈರಪ್ಪನವರ ಕಾದಂಬರಿಯನ್ನು ಆಧರಿಸಿದ ‘ವಂಶವೃಕ್ಷ’ದಲ್ಲಿ (೧೯೭೧) ಅವರು ವಿಧವೆ ಕಾತ್ಯಾಯಿನಿಯನ್ನು ಮದುವೆಯಾಗುವ ಉಪನ್ಯಾಸಕ ರಾಜ. ಶ್ಯಾಮ್ ಬೆನೆಗಲ್ ಅವರ ‘ನಿಶಾಂತ್’ನಲ್ಲಿ (೧೯೭೫) ಹಳ್ಳಿಗೆ ಹೊಸದಾಗಿ ಬಂದ ಶಾಲಾ ಮಾಸ್ತರ. ಜಮೀನ್ದಾರನ ತಮ್ಮಂದಿರು ಹೆಂಡತಿಯನ್ನು ಹೊತ್ತೊಯ್ದಾಗ ಪೊಲೀಸರಲ್ಲಿಗೂ ಅಧಿಕಾರಿಗಳಲ್ಲಿಗೂ ಅಲೆದು ಬರಿಗೈಯಲ್ಲಿ ಮರಳುವವನು. ‘ಮಂಥನ್’ನಲ್ಲಿ (೧೯೭೬) ಸಹಕಾರ ಸಂಘ ಕಟ್ಟಲು ಬರುವ ಪಶುವೈದ್ಯ ಡಾ. ರಾವ್. ಗುಜರಾತಿನ ಐದು ಲಕ್ಷ ಹೈನುಗಾರರು ತಲಾ ಎರಡು ರೂಪಾಯಿ ಹಾಕಿ ತಯಾರಿಸಿದ ಆ ಚಿತ್ರ ನಮ್ಮ ದೇಶದ ಸ್ವತಂತ್ರ ಸಿನಿಮಾದ ಚರಿತ್ರೆಯಲ್ಲಿ ಒಂದು ವಿಶಿಷ್ಟ ಪ್ರಯೋಗ. ೨೦೨೪ರಲ್ಲಿ ಅದರ ಪುನರುಜ್ಜೀವಿತ ಪ್ರತಿ ಕಾನ್ ಚಿತ್ರೋತ್ಸವದಲ್ಲಿ ಪ್ರದರ್ಶನಗೊಂಡಿತು.

ಈ ಪಾತ್ರಗಳನ್ನು ಸಾಲಾಗಿ ಇಟ್ಟು ನೋಡಿದರೆ ಒಂದು ಸಾಮಾನ್ಯ ಗುಣ ಎದ್ದು ಕಾಣುತ್ತದೆ. ಇವರೆಲ್ಲ ಕಲಿತವರು, ಕಲಿತದ್ದರ ಬಲದಿಂದ ಒಂದು ಸಮುದಾಯದಲ್ಲಿ ಅಧಿಕಾರ ಪಡೆದವರು ಅಥವಾ ಪಡೆಯಬಯಸುವವರು, ಕಟ್ಟಕಡೆಗೆ ಆ ಕಲಿಕೆ ಸಾಲದೆ ಹೋಗುವವರು. ಡಾ. ರಾವ್ ಊರನ್ನು ಬಿಟ್ಟು ಹೋಗಬೇಕಾಗುತ್ತದೆ, ಸಂಘ ಅವನಿಲ್ಲದೆ ನಡೆಯಬೇಕಾಗುತ್ತದೆ. ‘ನಿಶಾಂತ್’ನ ಮಾಸ್ತರ ಎಬ್ಬಿಸಿದ ದಂಗೆ ಅವನ ಹೆಂಡತಿಯನ್ನೂ ಬಲಿ ತೆಗೆದುಕೊಳ್ಳುತ್ತದೆ. ನಿರ್ದೇಶಕರು ಬೇರೆ, ಭಾಷೆ ಬೇರೆ, ಪ್ರದೇಶ ಬೇರೆ. ಅಭಿನಯದ ಕ್ರಮ ಮಾತ್ರ ‘ಸಂಸ್ಕಾರ’ದ್ದೇ: ಮೊದಲು ನೇರ ಬೆನ್ನು, ಆಮೇಲೆ ದಿಕ್ಕು ತಪ್ಪಿದ ಕಣ್ಣು. ಹಿಂದಿ ಮಾತಿನಲ್ಲಿ ಉಳಿದುಕೊಂಡ ದಕ್ಷಿಣದ ಧಾಟಿಯನ್ನು ಬೆನೆಗಲ್ ತಿದ್ದಿಸಿದಂತೆ ಕಾಣುವುದಿಲ್ಲ. ಅದು ಈ ಪಾತ್ರಗಳ ಪರಕೀಯತೆಗೆ ಒದಗಿಬಂತು.

ಇಲ್ಲಿ ನಾಟಕದ ವಿದ್ಯಾರ್ಥಿಗಳು ‘ತುಘಲಕ್’ನ್ನು ನೆನೆಯದೆ ಇರಲಾರರು. ಅಪಾರ ವಿದ್ವತ್ತಿನ, ಮೇರೆಯಿಲ್ಲದ ಕನಸುಗಳ ದೊರೆ ತನ್ನ ಕನಸುಗಳಿಂದಲೇ ರಾಜ್ಯವನ್ನು ಸ್ಮಶಾನ ಮಾಡುವ ಕಥೆಯನ್ನು ಕಾರ್ನಾಡರು ಬರೆದದ್ದು ೧೯೬೪ರಲ್ಲಿ, ವೈಕುಂಠಪುರದಲ್ಲಿ ಕ್ಯಾಮೆರಾದ ಮುಂದೆ ನಿಲ್ಲುವುದಕ್ಕೆ ಹಲವು ವರ್ಷಗಳ ಮುನ್ನ. ನಾಟಕಕಾರನನ್ನು ಕಾಡಿದ ವಸ್ತು ನಟನಿಗೂ ಪಾತ್ರಗಳಾಗಿ ದೊರೆಯಿತೆಂದರೆ ಅದು ಕೇವಲ ಆಕಸ್ಮಿಕವಾಗಿರಲಾರದು. ನಿರ್ದೇಶಕರು ಅವರಲ್ಲಿ ಅದನ್ನು ಕಂಡಿರಬೇಕು, ಅವರೂ ಅದನ್ನು ಆರಿಸಿಕೊಂಡಿರಬೇಕು. ಹಾಗಿದ್ದ ಮೇಲೆ ಹೊಟ್ಟೆಪಾಡಿನ ಸಿನಿಮಾ, ಒಲವಿನ ನಾಟಕ ಎಂಬ ಗೆರೆ ಎಷ್ಟು ಗಟ್ಟಿ? ‘ಆಡಾಡತ ಆಯುಷ್ಯ’ (೨೦೧೧) ಎಂಬ ಅವರ ಆತ್ಮಕಥನದ ಹೆಸರಿನಲ್ಲಿಯೇ ‘ಆಟ’ವಿದೆ. ಸಿರ್ಸಿಯ ಬಾಲ್ಯದಲ್ಲಿ ನೋಡಿದ ಯಕ್ಷಗಾನ, ಕಂಪನಿ ನಾಟಕಗಳ ಆಟ ಮುಂದೆ ಬರೆಹದಲ್ಲಿಯೂ ಅಭಿನಯದಲ್ಲಿಯೂ ಏಕಕಾಲಕ್ಕೆ ಮುಂದುವರಿಯಿತೆಂದು ಓದುವುದೇ ಹೆಚ್ಚು ಸಮಂಜಸ.

ನಂತರದ ವರ್ಷಗಳಲ್ಲಿ ಈ ಅಚ್ಚು ಸವೆಯಿತು. ‘ಕಾದಲನ್’ (೧೯೯೪) ಚಿತ್ರದ ರಾಜ್ಯಪಾಲ, ‘ಇಕ್ಬಾಲ್’ನ (೨೦೦೫) ಕ್ರಿಕೆಟ್ ಗುರು, ‘ಏಕ್ ಥಾ ಟೈಗರ್’ನ (೨೦೧೨) ಗುಪ್ತಚರ ಮುಖ್ಯಸ್ಥ ಇವೆಲ್ಲವೂ ಅದೇ ವಿದ್ಯಾವಂತ ಅಧಿಕಾರದ ಮುಖಗಳು. ಆದರೆ ಇಲ್ಲಿ ಅಧಿಕಾರಕ್ಕೆ ಒಳಗಿನ ಬಿರುಕಿಲ್ಲ. ಕೆಲವು ಕಡೆ ಅದು ಖಳತನ, ಕೆಲವು ಕಡೆ ಬರಿಯ ಅಲಂಕಾರ. ಇವುಗಳನ್ನು ಜೀವನೋಪಾಯವೆಂದು ಅವರು ಕರೆದರೆ ನಾವು ತಕರಾರು ಮಾಡಬೇಕಿಲ್ಲ.

ನಡುವೆ ಬರುವ ಎರಡು ಪಾತ್ರಗಳನ್ನು ಮಾತ್ರ ಬೇರೆಯಾಗಿ ಎತ್ತಿಡಬೇಕು. ಶಂಕರ್ ನಾಗ್ ನಿರ್ದೇಶನದ ‘ಮಾಲ್ಗುಡಿ ಡೇಸ್’ ಧಾರಾವಾಹಿಗಾಗಿ ಕಾರ್ನಾಡರು ಮತ್ತೆ ಈ ಸೀಮೆಗೆ, ಶೃಂಗೇರಿಗೆ ಹತ್ತಿರದ ಆಗುಂಬೆಗೆ ಬಂದರು. ಸ್ವಾಮಿಯ ತಂದೆ, ವಕೀಲ. ಮಗನನ್ನು ಗದರಿಸುವ ಆ ಗಾಂಭೀರ್ಯದ ಹಿಂದೆ ಮಗನ ಮುಂದೆ ಸೋಲಲು ಸಿದ್ಧವಿರುವ ಒಬ್ಬ ತಂದೆ ಇಣುಕುತ್ತಾನೆ. ಸೋಲು ಇಲ್ಲಿ ದುರಂತವಲ್ಲ, ಮಮತೆ. ಟಿ.ಎಸ್. ನಾಗಾಭರಣ ಅವರ ‘ಸಂತ ಶಿಶುನಾಳ ಶರೀಫ’ (೧೯೯೦) ಚಿತ್ರದ ಗೋವಿಂದಭಟ್ಟರು ಇನ್ನೂ ಮುಂದಿನ ಹೆಜ್ಜೆ. ಇವರೂ ಶಾಸ್ತ್ರ ಬಲ್ಲ ಬ್ರಾಹ್ಮಣರೇ. ಆದರೆ ಶಾಸ್ತ್ರ ಕೈಕೊಡುವ ಮೊದಲೇ ತಾವೇ ಅದನ್ನು ದಾಟಿ ಮುಸ್ಲಿಂ ಶಿಷ್ಯನ ಹೆಗಲ ಮೇಲೆ ಕೈಯಿಟ್ಟವರು. ಪ್ರಾಣೇಶಾಚಾರ್ಯನ ಬಿಗಿದ ಬೆನ್ನನ್ನು ನೆನಪಿಟ್ಟುಕೊಂಡು ಗೋವಿಂದಭಟ್ಟರ ಸಲಿಗೆಯನ್ನು ನೋಡಬೇಕು. ಇಪ್ಪತ್ತು ವರ್ಷಗಳ ಅಂತರದಲ್ಲಿ ಒಬ್ಬನೇ ನಟ ಒಂದು ಪಾತ್ರಕ್ಕೆ ಇನ್ನೊಂದು ಪಾತ್ರದಿಂದ ಉತ್ತರ ಕೊಟ್ಟಂತಿದೆ. ಈ ಪಾತ್ರಕ್ಕೆ ಅವರಿಗೆ ರಾಜ್ಯ ಸರ್ಕಾರದ ಪೋಷಕ ನಟ ಪ್ರಶಸ್ತಿ ದೊರೆತದ್ದು ಉಚಿತವೇ ಆಗಿದೆ.

೫

ಮೇಲೆ ಹೇಳಿದ ಮಾದರಿಗೆ ಒಂದು ಮುಖ್ಯ ಅಪವಾದವಿದೆ. ಅದು ‘ಕಾನೂರು ಹೆಗ್ಗಡಿತಿ’ (೧೯೯೯). ಕುವೆಂಪು ಅವರ ೧೯೩೬ರ ಕಾದಂಬರಿಯನ್ನು ಆಧರಿಸಿ ಕಾರ್ನಾಡರೇ ನಿರ್ದೇಶಿಸಿದ ಈ ಚಿತ್ರದಲ್ಲಿ ಅವರು ಚಂದ್ರೇಗೌಡ. ಸುಬ್ಬಮ್ಮನಾಗಿ ತಾರಾ. ಆ ವರ್ಷದ ಅತ್ಯುತ್ತಮ ಕನ್ನಡ ಚಿತ್ರವೆಂಬ ರಾಷ್ಟ್ರಪ್ರಶಸ್ತಿ ಇದಕ್ಕೆ ಸಂದಿತು.

ಅಗ್ರಹಾರದಿಂದ ನಾವೀಗ ಒಕ್ಕಲಿಗರ ದೊಡ್ಡಮನೆಗೆ ಬಂದಿದ್ದೇವೆ. ಎರಡಕ್ಕೂ ನಡುವೆ ಭೂಪಟದಲ್ಲಿ ಕೆಲವೇ ಮೈಲಿ. ಆಡುನುಡಿ, ಊಟ, ಅಧಿಕಾರದ ರೀತಿ, ಮೈಯ ಭಾಷೆ ಎಲ್ಲವೂ ಬೇರೆ. ಚಂದ್ರೇಗೌಡ ವಿದ್ವಾಂಸನಲ್ಲ. ಅವನ ಅಧಿಕಾರ ತಾಳೆಗರಿಯಿಂದ ಬಂದದ್ದಲ್ಲ, ಗದ್ದೆ, ತೋಟ, ಆಳುಮಕ್ಕಳು, ಸಾಲಪತ್ರಗಳಿಂದ ಬಂದದ್ದು. ಎರಡು ಮದುವೆಯಾಗಿ ಮೂರನೆಯವಳನ್ನಾಗಿ ಎಳೆಯ ಸುಬ್ಬಮ್ಮನನ್ನು ತರುವ, ಮೈಸೂರಿನಲ್ಲಿ ಓದಿ ಬಂದ ಅಣ್ಣನ ಮಗ ಹೂವಯ್ಯನನ್ನು ಸಂಶಯದಿಂದ ನೋಡುವ, ಮನೆ ಒಡೆಯುವುದನ್ನು ತಡೆಯಲಾರದ ಯಜಮಾನ. ಈ ಕಥೆಯಲ್ಲಿ ಕಲಿತವನ ಪಾತ್ರ ಹೂವಯ್ಯನದು. ಕಾರ್ನಾಡರು ಕೇವಲ ಮೂವತ್ತು ವರ್ಷ ಚಿಕ್ಕವರಾಗಿದ್ದರೆ ಹೂವಯ್ಯನೇ ಅವರ ಸಹಜವಾದ ಪಾತ್ರವಾಗುತ್ತಿತ್ತು. ಅರವತ್ತು ದಾಟಿದ ನಟ ತನ್ನ ಹಳೆಯ ಪಾತ್ರವನ್ನು ಹೊಸ ತಲೆಮಾರಿಗೆ ಬಿಟ್ಟುಕೊಟ್ಟು ಅದರ ಎದುರು ಪಕ್ಷಕ್ಕೆ ಸೇರಿಕೊಂಡದ್ದು ಇಲ್ಲಿಯ ಸ್ವಾರಸ್ಯ.

ಅಭಿನಯ ಪೂರ್ತಿ ಯಶಸ್ವಿಯಾಗಿದೆಯೆ? ನನ್ನ ಅಭಿಪ್ರಾಯದಲ್ಲಿ ಇಲ್ಲ. ಕುವೆಂಪು ಅವರ ಚಂದ್ರೇಗೌಡನಲ್ಲಿ ಒಂದು ಒರಟು ಜೀವಂತಿಕೆಯಿದೆ. ಅವನ ಕ್ರೌರ್ಯ ಯೋಚಿಸಿ ಮಾಡಿದ್ದಲ್ಲ, ಮೈಗೂಡಿದ್ದು. ಕಾರ್ನಾಡರ ಮುಖದಲ್ಲಿ ಯೋಚನೆಯ ನೆರಳು ಯಾವಾಗಲೂ ಇರುತ್ತದೆ. ಗೌಡ ಸಿಟ್ಟಾದಾಗಲೂ ಸಿಟ್ಟನ್ನು ತೂಗಿ ನೋಡುವವನಂತೆ ಕಾಣುತ್ತಾನೆ. ಮಲೆನಾಡಿನ ಗೌಡರ ನುಡಿಯ ಏರಿಳಿತವನ್ನು ಕಿವಿಯಲ್ಲಿಟ್ಟುಕೊಂಡು ಬೆಳೆದ ಕೊಪ್ಪ, ಶೃಂಗೇರಿ ಕಡೆಯ ಪ್ರೇಕ್ಷಕನಿಗೆ ಇಲ್ಲಿ ಏನೋ ಕಲಿತು ಒಪ್ಪಿಸಿದ್ದೆನಿಸುವುದು ಸಹಜ. ಆಚಾರ್ಯನಿಗೆ ವರವಾಗಿದ್ದ ಪುಸ್ತಕದ ಶುದ್ಧಿ ಗೌಡನಿಗೆ ಭಾರವಾಯಿತು.

ಆದರೆ ಗೌಡ ಕುಸಿಯುವ ಹಂತಕ್ಕೆ ಬಂದಾಗ ಚಿತ್ರ ಬೇರೆಯಾಗುತ್ತದೆ. ಮನೆ ಪಾಲಾಗಿ, ಮಗ ಮತ್ತು ಅಣ್ಣನ ಮಗ ಕೈಮೀರಿ, ಮೂರನೆಯ ಹೆಂಡತಿಯ ಮೇಲಿನ ಅನುಮಾನ ಒಳಗೇ ಕೊರೆಯುತ್ತಿರುವ ಯಜಮಾನನನ್ನು ಕಾರ್ನಾಡರು ಬಲ್ಲರು. ಅಧಿಕಾರ ಕೈಬಿಡುವ ಕ್ಷಣ ಅವರ ಸ್ವಂತ ಕ್ಷೇತ್ರ. ಕಾದಂಬರಿಯಲ್ಲಿ ಓದುಗ ಚಂದ್ರೇಗೌಡನ ಸಾವಿಗೆ ಅಷ್ಟಾಗಿ ಮರುಗುವುದಿಲ್ಲ, ಕುವೆಂಪು ಅವರ ಗಮನ ಹೆಗ್ಗಡಿತಿಯಾಗುವ ಸುಬ್ಬಮ್ಮನತ್ತ ಹೊರಳಿರುತ್ತದೆ. ಚಿತ್ರದಲ್ಲಿ ಅವನು ಇಲ್ಲವಾದ ಮೇಲೆ ಒಂದು ಖಾಲಿತನ ಉಳಿಯುತ್ತದೆ. ಇದು ರೂಪಾಂತರದ ಚರ್ಚೆಯಲ್ಲಿ ನಾವು ನಿರ್ದೇಶಕನ ಲೆಕ್ಕಕ್ಕೆ ಬರೆಯುವ ‘ವ್ಯತ್ಯಾಸ’ಗಳಲ್ಲಿ ಒಂದಾಗಿ ಕಾಣಬಹುದು. ವಾಸ್ತವವಾಗಿ ಇದು ನಟನ ಶರೀರದಿಂದ ಆದ ವ್ಯತ್ಯಾಸ. ಚಿತ್ರಕಥೆಯ ಪುಟಗಳಲ್ಲಿ ಇದನ್ನು ಹುಡುಕಿದರೆ ಸಿಗಲಾರದು.

೬

ಈ ಅಧ್ಯಯನಕ್ಕೆ ಒಂದು ನ್ಯಾಯವಾದ ಆಕ್ಷೇಪಣೆ ಇದೆ. ಜ್ಞಾನಪೀಠ ಪುರಸ್ಕೃತ ಲೇಖಕನ ಅಭಿನಯವನ್ನೇ ಎತ್ತಿಕೊಂಡರೆ, ಅಭಿನಯವನ್ನು ಮತ್ತೆ ಸಾಹಿತ್ಯದ ಬಾಗಿಲಿನಿಂದಲೇ ಒಳಗೆ ಬಿಟ್ಟುಕೊಂಡಂತಾಗುವುದಿಲ್ಲವೆ? ಬೇರೇನೂ ಅಲ್ಲದ, ನಟರು ಮಾತ್ರ ಆಗಿದ್ದವರ ಗತಿಯೇನು? ‘ಚೋಮನ ದುಡಿ’ಯ (೧೯೭೫) ಚೋಮನಾಗಿ ರಾಷ್ಟ್ರಪ್ರಶಸ್ತಿ ಪಡೆದ ಎಂ.ವಿ. ವಾಸುದೇವ ರಾವ್ ವೃತ್ತಿರಂಗಭೂಮಿಯ ಹಿನ್ನೆಲೆಯವರು. ಆ ಪಾತ್ರ ಅವರಿಗೆ ದೊರೆಯುವ ಹೊತ್ತಿಗೆ ಐವತ್ತು ದಾಟಿತ್ತು. ಮೃಣಾಲ್ ಸೇನ್ ‘ಒಕ ಊರಿ ಕಥ’ (೧೯೭೭) ಎಂಬ ತೆಲುಗು ಚಿತ್ರದ ಮುಖ್ಯ ಪಾತ್ರಕ್ಕೆ ಅವರನ್ನು ಕರೆದುಕೊಂಡರು. ಅವರನ್ನು ಕುರಿತು ನಮ್ಮ ವಿಭಾಗಗಳಲ್ಲಿ ನಡೆದ ಕೆಲಸ ಎಷ್ಟೆಂದು ಕೇಳಿಕೊಂಡರೆ ಸಂಕೋಚವಾಗುತ್ತದೆ. ಆಕ್ಷೇಪಣೆಯನ್ನು ನಾನು ಒಪ್ಪುತ್ತೇನೆ. ಕಾರ್ನಾಡರನ್ನು ಆರಿಸಿಕೊಂಡದ್ದು ಅವರ ವಿಷಯದಲ್ಲಿ ಸಾಮಗ್ರಿ ಹೇರಳವಾಗಿದೆ ಎಂಬುದರಿಂದ, ಮತ್ತು ಅಷ್ಟು ಸಾಮಗ್ರಿ ಇದ್ದಾಗಲೂ ಅವರ ಅಭಿನಯ ನಮ್ಮ ಕಣ್ಣಿಗೆ ಬೀಳಲಿಲ್ಲವೆಂಬುದರಿಂದ.

ಈ ಸೀಮೆಗೆ ಸಂಬಂಧಿಸಿದಂತೆ ಮುಂದೆ ಮಾಡಬೇಕಾದ ಕೆಲಸದ ಒಂದು ಸೂಚನೆ ನರಸಿಂಹರಾಜಪುರದ ಕಡೆಯಿಂದ ಸಿಗುತ್ತದೆ. ‘ವಂಶವೃಕ್ಷ’ದಲ್ಲಿ ಕಾರ್ನಾಡರ ಎದುರು ಕಾತ್ಯಾಯಿನಿಯಾಗಿದ್ದವರು ಎಲ್.ವಿ. ಶಾರದಾ. ಹನ್ನೆರಡು ವರ್ಷಗಳ ನಂತರ, ಪ್ರೇಮಾ ಕಾರಂತರು ಎಂ.ಕೆ. ಇಂದಿರಾ ಅವರ ‘ಫಣಿಯಮ್ಮ’ವನ್ನು ಚಿತ್ರವಾಗಿಸಿದಾಗ (೧೯೮೩) ಫಣಿಯಮ್ಮನಾದವರೂ ಅವರೇ. ಒಬ್ಬಳು ಮರುಮದುವೆಯಾಗಿ ಆ ನಿರ್ಧಾರದ ಭಾರದಲ್ಲಿ ನಲುಗುವ ವಿಧವೆ. ಇನ್ನೊಬ್ಬಳು ಬಾಲ್ಯದಲ್ಲಿಯೇ ವಿಧವೆಯಾಗಿ ನೂರು ವರ್ಷಕ್ಕೂ ಮಿಕ್ಕ ಬದುಕನ್ನು ಮನೆಯೊಳಗೆ ದುಡಿದು ಕಳೆದವಳು. ಇಂದಿರಾ ಅವರು ತಮ್ಮ ಮನೆತನದ ಹಿರಿಯ ಜೀವವೊಂದರ ಕಥೆಯನ್ನು ತಾಯಿಯ ಬಾಯಿಂದ ಕೇಳಿ ಬರೆದದ್ದದು. ಒಬ್ಬಳೇ ನಟಿಯ ಮುಖದಲ್ಲಿ ಈ ಎರಡು ವೈಧವ್ಯಗಳೂ ಹಾದುಹೋಗಿವೆ. ಕಾರ್ನಾಡರ ಪಾತ್ರಗಳಲ್ಲಿ ವಿದ್ವಾಂಸ ಮಾತು ಕಳೆದುಕೊಂಡು ಸೋಲುತ್ತಾನೆ. ಮಾತಿನ ಅಧಿಕಾರವೇ ಇಲ್ಲದೆ ಬದುಕಿದ ಫಣಿಯಮ್ಮ ಕಡೆಗೆ ಅಸ್ಪೃಶ್ಯ ಹೆಣ್ಣೊಬ್ಬಳ ಹೆರಿಗೆಗೆ ನೆರವಾಗಲು ಮಡಿಯನ್ನು ಬದಿಗಿಟ್ಟು ಹೊರಡುತ್ತಾಳೆ, ಯಾವ ಗ್ರಂಥವನ್ನೂ ತಿರುವಿ ನೋಡುವುದಿಲ್ಲ. ದೂರ್ವಾಸಪುರದ ಜಗಲಿಯಲ್ಲಿ ದಿನಗಟ್ಟಲೆ ಬಿಡಿಸಲಾಗದೆ ಉಳಿದ ಗಂಟು ಇಲ್ಲಿ ಒಬ್ಬ ಮುದುಕಿ ಮನೆಯಿಂದ ಹೊರಗೆ ಕಾಲಿಟ್ಟ ಮಾತ್ರಕ್ಕೆ ಬಿಚ್ಚಿಕೊಳ್ಳುತ್ತದೆ. ಶಾರದಾ ಅವರು ಆ ಪಾತ್ರದ ಮೌನವನ್ನು ಹೇಗೆ ಹಿಡಿದಿದ್ದಾರೆಂಬುದನ್ನು ‘ಸಂಸ್ಕಾರ’ದ ಉತ್ತರಾರ್ಧದ ಮೌನದ ಪಕ್ಕದಲ್ಲಿಟ್ಟು ನೋಡಬೇಕಾಗಿದೆ.